ಹೊತ್ತಿಳಿತದ ಲೆಕ್ಕ

ಕೂಸೇ,

ನಿನ್ನ ಕಥೆಯನ್ನು ಎರಡು ಸಲ ಓದಿದೆ. ಮೊದಲ ಸಲ ನಿನ್ನ ಅಪ್ಪನಿಂದ ಓದಿಸಿಕೊಂಡೆ. ಎರಡನೆಯ ಸಲ ನಾನೇ ಪೆನ್ಸಿಲ್ ಹಿಡಿದು ಕೂತೆ. ಸೊಸೈಟಿಯಲ್ಲಿ 38 ವರ್ಷ ಖಾತೆ ಬರೆದವನಿಗೆ ಪೆನ್ಸಿಲ್ ಇಲ್ಲದೆ ಯಾವ ಕಾಗದವೂ ತಲೆಗೆ ಹೋಗುವುದಿಲ್ಲ.

ಕಣಿವೆ ಹಿಡಿಸಿತು. ಒಂಬತ್ತು ವರ್ಷಕ್ಕೊಮ್ಮೆ ಮೂರು ದಿನ ಅಲ್ಲಿ ಕಾಲ ಹಿಂದಕ್ಕೆ ಸರಿದು, ಎಲ್ಲವೂ ಮೂರು ತಿಂಗಳಷ್ಟು ಎಳೆಯದಾಗುತ್ತದೆ, ನೆನಪು ಮಾತ್ರ ಉಳಿಯುತ್ತದೆ ಅಂದೆಯಲ್ಲ, ಅದು ಒಳ್ಳೆಯ ಬೀಜ. ಆದರೆ ಅದಕ್ಕೆ ನೀನಿಟ್ಟ ಹೆಸರು ‘ಕಾಲವಿಲೋಮ ವಿದ್ಯಮಾನ’. ಎಮ್ಮೆ ಕರೆಯುವ ಹೆಂಗಸಿನ ಬಾಯಲ್ಲಿ ಇದು ಹೊರಳುತ್ತದೆಯೇ? ಕಡಲ ಕಡೆಯವರು ಉಬ್ಬರ, ಇಳಿತ ಅನ್ನುವ ಹಾಗೆ ನಿನ್ನವರು ‘ಹೊತ್ತಿಳಿತ’ ಅನ್ನಲಿ. ಆಮೇಲೆ, ಅದು ಯಾಕೆ ಆಗುತ್ತದೆ ಅನ್ನುವುದಕ್ಕೆ ನಾಲ್ಕು ಪುಟ. ಮಳೆ ಯಾಕೆ ಬರುತ್ತದೆ ಅಂತ ನಮ್ಮೂರಲ್ಲಿ ಯಾರೂ ಮಾತಾಡುವುದಿಲ್ಲ, ಸೌದೆ ಒಳಗೆ ಹಾಕಿದಿರಾ ಅಂತ ಕೇಳುತ್ತಾರೆ. ಆ ನಾಲ್ಕು ಪುಟ ಹರಿದುಹಾಕು, ಬೇಜಾರಾದರೂ ಸರಿ.

ಕಾರಣ ಹೇಳದೆಯೂ ಕಾಲ ಸರಿದದ್ದನ್ನು ತೋರಿಸಬಹುದು. ರೇವತಿಯ ಕಥೆ ನಿನ್ನ ಅಜ್ಜಿ ಹೇಳಿದ್ದಳಲ್ಲ. ಕಕುದ್ಮಿ ರಾಜ ಮಗಳಿಗೆ ವರ ಯಾರೆಂದು ಕೇಳಲು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಗಾಯನ ನಡೆದಿತ್ತು, ಮುಗಿಯಲಿ ಅಂತ ತುಸು ಹೊತ್ತು ಕಾದ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿತ್ತು ಅನ್ನುತ್ತದೆ ಭಾಗವತ. ರಾಜ ಮನಸ್ಸಿನಲ್ಲಿಟ್ಟುಕೊಂಡಿದ್ದ ವರರ ಮೊಮ್ಮಕ್ಕಳ ಹೆಸರೂ ಉಳಿದಿರಲಿಲ್ಲ. ಖಾತೆ ಬರೆದವನಾದರೂ ಆ 27 ನನ್ನ ತಲೆಯಲ್ಲಿ ಕೂರುವುದಿಲ್ಲ. ಕೂತಿರುವುದು ವಿಷ್ಣುಪುರಾಣದ ಮಾತು. ಹಳೆಯ ಯುಗದ ಹುಡುಗಿ ಕೊನೆಗೆ ವರನಾದ ಬಲರಾಮನ ಕಣ್ಣಿಗೆ ತೀರಾ ಎತ್ತರವಾಗಿ ಕಂಡಳಂತೆ, ಅವನು ನೇಗಿಲ ತುದಿಯಿಂದ ಅವಳನ್ನು ಗಿಡ್ಡ ಮಾಡಿದನಂತೆ. ಹುಡುಗಿ ಗಂಡಿಗಿಂತ ಎತ್ತರ ಅಂದ ಕೂಡಲೇ ಯುಗ ಉರುಳಿದ್ದು ಕಣ್ಣಿಗೆ ಕಾಣುತ್ತದೆ. (ಗಿಡ್ಡ ಮಾಡಲೇ ಅಂತ ಅವಳನ್ನು ಯಾರೂ ಕೇಳಿದ ಹಾಗಿಲ್ಲ. ನೀನು ಬರೆಯುವಾಗ ಕೇಳು.)

ಪುರಾಣ ಬೇಡವೆಂದರೆ ಬಿದಿರನ್ನು ನೋಡು. ನಾನು ಚಿಕ್ಕವನಿದ್ದಾಗ ನಮ್ಮ ಗುಡ್ಡದ ಹಿಂಡಿಲೆಲ್ಲ ಹೂ ಬಿಟ್ಟಿತ್ತು. ಅಮ್ಮ ಬಿದಿರಕ್ಕಿ ಗುಡಿಸಿ ತಂದು ಅನ್ನ ಮಾಡಿದಳು. ಅಜ್ಜ ಮಾತ್ರ ಉಣ್ಣಲಿಲ್ಲ, ಬಿದಿರು ಹೂ ಬಿಟ್ಟರೆ ಬರ ಅಂತ ಗೊಣಗಿದ. ಅಜ್ಜನದು ಬರೀ ಗೊಣಗಾಟವಲ್ಲ ಅಂತ ಗೊತ್ತಾದದ್ದು ದೊಡ್ಡವನಾಗಿ ಮಿಜೋರಾಂ ಬಗ್ಗೆ ಓದಿದಾಗ. ಅಲ್ಲಿಯ ಕಾಡಿನ ಒಂದು ಬಗೆಯ ಬಿದಿರು ಸುಮಾರು 48 ವರ್ಷಕ್ಕೊಮ್ಮೆ ಒಟ್ಟಿಗೆ ಹೂ ಬಿಟ್ಟು, ಒಟ್ಟಿಗೆ ಸಾಯುತ್ತದೆ. ಉದುರಿದ ಬೀಜ ತಿಂದು ಇಲಿಗಳು ಹೆಚ್ಚುತ್ತವೆ, ಬೀಜ ತೀರಿದ ಮೇಲೆ ಭತ್ತಕ್ಕೆ ನುಗ್ಗುತ್ತವೆ. ಅವರ ಭಾಷೆಯಲ್ಲಿ ಅದು ‘ಮೌತಾಮ್’, ಬಿದಿರಿನ ಸಾವು. ನೋಡು, ಎಷ್ಟು ಚಿಕ್ಕ ಹೆಸರು! 1959ರ ಮೌತಾಮ್ ಕ್ಷಾಮ ತಂದಿತು. ಹಸಿದವರಿಗೆ ಅಕ್ಕಿ ಹೊತ್ತು ಕೊಡಲು ಹುಟ್ಟಿದ ಸಂಘಟನೆಯೇ 1961ರಲ್ಲಿ ಮಿಜೋ ನ್ಯಾಷನಲ್ ಫ್ರಂಟ್ ಆಯಿತು, 1966ರಲ್ಲಿ ಬಂದೂಕು ಹಿಡಿಯಿತು, 1986ರಲ್ಲಿ ಶಾಂತಿ ಒಪ್ಪಂದಕ್ಕೆ ಸಹಿ ಹಾಕಿತು. ಹೂವಿನಿಂದ ಇಲಿ, ಇಲಿಯಿಂದ ಹಸಿವು, ಹಸಿವಿನಿಂದ ರಾಜಕೀಯ. ನಿನ್ನ ಹೊತ್ತಿಳಿತ ಇಷ್ಟು ದೂರ ನಡೆಯಬೇಕು. ಸದ್ಯಕ್ಕೆ ಅದು ನಾಯಕನ ಕಣ್ಣಿಗೆ ಚಂದ ಕಂಡು ಅಲ್ಲೇ ನಿಂತಿದೆ.

ಒಂದು ತಪ್ಪು ಸಿಕ್ಕಿತು. ಎರಡನೆಯ ಪುಟದಲ್ಲಿ ಹಣ್ಣು ಹೂವಾಗುತ್ತದೆ. ಹನ್ನೊಂದನೆಯ ಪುಟದಲ್ಲಿ ನಾಯಕನ ವಾರದ ಹಿಂದಿನ ಗಾಯ ಹಾಗೇ ಇದೆ. ಸೊಸೈಟಿಯಲ್ಲಾಗಿದ್ದರೆ ಆಡಿಟರು ಕೆಂಪು ಶಾಯಿಯಲ್ಲಿ ಸುತ್ತು ಹಾಕುತ್ತಿದ್ದರು. ನೀನು ಮಾಡಿದ ಕಾನೂನು ನಿನಗೆ ಅನುಕೂಲವಿಲ್ಲದ ಕಡೆಯೂ ನಡೆಯಬೇಕು.

ಈಗ ನನ್ನ ಕಸುಬಿನ ಪ್ರಶ್ನೆ. ಎರಡು ತಿಂಗಳ ಹಿಂದೆ ಒಬ್ಬ ಪ್ರೋನೋಟು ಬರೆದುಕೊಟ್ಟು ಸಾಲ ತಂದಿದ್ದಾನೆ. ಹೊತ್ತಿಳಿತ ಬಂದರೆ ಆ ಕಾಗದ ಮತ್ತೆ ಖಾಲಿಯಾಗುತ್ತದೆ. ಸಾಲ ಇಬ್ಬರಿಗೂ ನೆನಪಿದೆ, ಪುರಾವೆ ಇಲ್ಲ. ಹಾಗಾದರೆ ಕಣಿವೆಯ ಸಾಹುಕಾರ ಸುಮ್ಮನಿರುತ್ತಾನೆಯೇ? ಹಿಂದಿನ ರಾತ್ರಿಯೇ ಪತ್ರಗಳ ಪೆಟ್ಟಿಗೆಯನ್ನು ಆಳಿನ ತಲೆ ಮೇಲೆ ಹೊರಿಸಿ, ಕಾಲ ಮುಟ್ಟದ ಗುಡ್ಡದ ನೆತ್ತಿಗೆ ಹೊರಡುತ್ತಾನೆ. ಅದೇ ರಾತ್ರಿ ಇನ್ನೊಬ್ಬಳೂ ಹೊರಟಿರುತ್ತಾಳೆ. ಅವಳಿಗೆ ಎರಡು ತಿಂಗಳು. ಕಣಿವೆಯಲ್ಲೇ ಉಳಿದರೆ ಏನಾಗುತ್ತದೆಂದು ಅವಳ ಅತ್ತೆಗೆ ಗೊತ್ತು. ಹಿಂದಿನ ಸಲ ಆಕೆ ಉಳಿದಿದ್ದಳು. ಸೊಸೆಯ ಕೈಗೆ ಲಾಟೀನು ಕೊಟ್ಟವಳೂ ಆಕೆಯೇ.

ಈ ಸೊಸೆ ನಿನ್ನ ಹದಿನಾರು ಪುಟದಲ್ಲಿ ಎಲ್ಲೂ ಇಲ್ಲ. ಗುಡ್ಡದ ದಾರಿ ಒಬ್ಬರು ಹೋಗುವಷ್ಟೇ ಅಗಲ. ಮುಂದೆ ಸಾಹುಕಾರನ ಪೆಟ್ಟಿಗೆ, ಹಿಂದೆ ಅವಳು, ಬೆಳಗಾಗಲು ಇನ್ನೊಂದೇ ತಾಸು. ಕಥೆಯನ್ನು ಅಲ್ಲಿಂದ ಶುರು ಮಾಡಿ ಕಳಿಸು. ಕೊನೆಕೊಯ್ಲು ಶುರುವಾಗುವ ಮೊದಲು ಬಂದರೆ ಬೇಗ ಓದಿಯೇನು.