ಎರಡನೇ ಕೀ ಈಗಲೇ ಮಾಡಿಸಿ

ಕಾರಿನ ಒಂದು ಕೀ ಕಳೆದರೆ ‘ಇನ್ನೊಂದಿದೆಯಲ್ಲ’ ಎಂದು ಸುಮ್ಮನಾಗಬೇಡಿ. ಆ ಇನ್ನೊಂದು ಕೈಯಲ್ಲಿರುವಾಗಲೇ ಹೊಸದನ್ನು ಮಾಡಿಸಿಬಿಡಿ. ಇಮೊಬಿಲೈಜರ್, ಅಂದರೆ ಗುರುತಿಲ್ಲದ ಕೀಗೆ ಎಂಜಿನ್ ಓಡದಂತೆ ತಡೆಯುವ ವ್ಯವಸ್ಥೆ, ಇರುವ ಕಾರಿನ ಕೀ ಬರೀ ಹಲ್ಲು ಕೊರೆದ ಲೋಹವಲ್ಲ. ಅದರ ಪ್ಲಾಸ್ಟಿಕ್ ತಲೆಯೊಳಗೊಂದು ಪುಟ್ಟ ಚಿಪ್ ಇರುತ್ತದೆ. ಸಾಮಾನ್ಯವಾಗಿ ಅದಕ್ಕೆ ಬ್ಯಾಟರಿ ಬೇಕಿಲ್ಲ; ಇಗ್ನಿಷನ್ ಸುತ್ತಲಿನ ಕಾಯಿಲ್‌ನಿಂದಲೇ ವಿದ್ಯುತ್ ಪಡೆದು ಕಾರಿಗೆ ತನ್ನ ಗುರುತು ಹೇಳುತ್ತದೆ. ಗುರುತು ಸಿಗದಿದ್ದರೆ ಡ್ಯಾಶ್‌ಬೋರ್ಡಿನಲ್ಲಿ ದೀಪ ಮಿಟುಕುತ್ತದೆ, ಎಂಜಿನ್ ಸ್ಟಾರ್ಟ್ ಆಗಿ ಮರುಕ್ಷಣವೇ ನಿಲ್ಲುತ್ತದೆ, ಇಲ್ಲವೇ ಸ್ಟಾರ್ಟೇ ಆಗುವುದಿಲ್ಲ. ಇರುವ ಕೀಯೂ ಕಳೆದರೆ ದೇವದುರ್ಗದಿಂದಲೋ ಮಾನ್ವಿಯಿಂದಲೋ ಕಾರನ್ನು ಹೊಸ ಕೀ ಮಾಡಿಸಲು ರಾಯಚೂರಿಗೆ ಎಳೆದು ತರಬೇಕಾಗಬಹುದು. ಟೋಯಿಂಗ್ ಖರ್ಚು ಬೇರೆ.

ರಸ್ತೆ ಬದಿಯಲ್ಲಿ ಅಗ್ಗಕ್ಕೆ ಕೀ ಕೊರೆದುಕೊಡುತ್ತಾರಲ್ಲ ಎನ್ನಬಹುದು. ಚಿಪ್ ಇಲ್ಲದ ಹಳೆಯ ಗಾಡಿಗೆ ಅದು ಸಾಕು; ಉಳಿದವುಗಳಲ್ಲಿ ಅಂಥ ಕೀ ಬಾಗಿಲನ್ನಷ್ಟೇ ತೆರೆಯುತ್ತದೆ. ಚಿಪ್ ನಕಲು ಮಾಡುವ ನುರಿತವರೂ ಇದ್ದಾರೆ, ನಿಜ. ಆದರೆ ನಕಲು ಮಾಡಿದರೆ ಕಳೆದ ಕೀ ಜೀವಂತವಾಗಿಯೇ ಉಳಿಯುತ್ತದೆ, ಸಿಕ್ಕವರು ಗಾಡಿ ಒಯ್ಯಬಹುದು. ಆದ್ದರಿಂದ ಸ್ಟೀರಿಂಗ್ ಕೆಳಗಿನ ಓಬಿಡಿ (ದೋಷ ತಪಾಸಣೆಯ) ಪೋರ್ಟಿಗೆ ಯಂತ್ರ ಜೋಡಿಸಿ, ಕಳೆದ ಕೀಯ ನೋಂದಣಿ ಅಳಿಸಿ, ಹೊಸದನ್ನು ಸೇರಿಸಿಕೊಡಿ ಎಂದು ಬಾಯಿಬಿಟ್ಟು ಕೇಳಿ. ಹಲವು ಕಾರುಗಳಲ್ಲಿ ಆಗ ಹಳೆಯ ಕೀಗಳೆಲ್ಲ ಅಳಿಸಿಹೋಗುತ್ತವೆ, ಹಾಗಾಗಿ ಮನೆಯಲ್ಲಿರುವ ಕೀಯನ್ನೂ ಒಯ್ಯಿರಿ. ಆರ್‌ಸಿ, ಗುರುತಿನ ಚೀಟಿ ಜೊತೆಗಿರಲಿ. ದುಬಾರಿಯಾಯಿತು ಎನಿಸಿದರೆ ಇದನ್ನೂ ನೆನಪಿಡಿ: ಗಾಡಿ ಕಳುವಾದಾಗ ವಿಮಾ ಕಂಪನಿಯವರು ಸಾಮಾನ್ಯವಾಗಿ ಎರಡೂ ಕೀ ಕೇಳುತ್ತಾರೆ. ಹಾಗಾಗಿ ಕೀ ಕಳೆದ ಕೂಡಲೇ ಪೊಲೀಸರಿಗೆ ದೂರು ಕೊಟ್ಟು ಪ್ರತಿ ಇಟ್ಟುಕೊಳ್ಳಿ. ಪಾಲಿಸಿಯಲ್ಲಿ ಕೀ ಬದಲಾವಣೆಯ ಹೆಚ್ಚುವರಿ ರಕ್ಷಣೆ ಇದೆಯೇ ಎಂದೂ ನೋಡಿ.