ಮೇಸ್ತ್ರಿಯ ಹಾಜರಿ ಪುಸ್ತಕ

ದುಡಿಯುವ ಜಾಗದಲ್ಲಿ ಮನುಷ್ಯನೊಬ್ಬ ಮರಣ ಹೊಂದಿದಾಗ, ಆತ ಅಲ್ಲಿ ದುಡಿಯುತ್ತಿದ್ದನೆಂಬ ಸಂಗತಿಯನ್ನೇ ಅವನ ಕುಟುಂಬದವರು ಮೊಟ್ಟಮೊದಲು ರುಜುವಾತುಪಡಿಸಬೇಕಾಗುತ್ತದೆಂಬುದನ್ನು, ಲಿಂಗಸುಗೂರಿನ ಸೀಮೆಯಿಂದ ಬೆಂಗಳೂರಿಗೆ ದುಡಿಯಲು ಹೋಗಿದ್ದ ನನ್ನ ತಂಗಿಯ ಗಂಡನು ಕಟ್ಟಡವೊಂದರ ಸಾರುವೆ ಕುಸಿದು ತೀರಿಕೊಂಡ ಮೇಲೆ, ಅವಳೊಡನೆ ಕಚೇರಿಗಳನ್ನು ಅಲೆದು ನಾನು ತಿಳಿದೆನು. ಗುತ್ತಿಗೆದಾರರು, “ಆತ ನಮ್ಮ ಆಳಲ್ಲ, ಮೇಸ್ತ್ರಿಯ ಕಡೆಯವನು” ಎಂದುಬಿಟ್ಟರು. ನೇಮಕದ ಪತ್ರವಾಗಲಿ ಬಟವಾಡೆಯ ಚೀಟಿಯಾಗಲಿ ನಮ್ಮಲ್ಲಿ ಇರಲಿಲ್ಲ. ನಮ್ಮ ಕೈಹಿಡಿದದ್ದು, ಸಿಮೆಂಟಿನ ಧೂಳು ಮೆತ್ತಿ ಅಂಚು ಮುರುಟಿದ್ದ ಮೇಸ್ತ್ರಿಯ ಹಾಜರಿ ಪುಸ್ತಕ: ಹೆಸರಿನ ಮುಂದೆ ಇಡೀ ದಿನಕ್ಕೊಂದು ಗೀಟು, ಅರೆದಿನಕ್ಕೊಂದು ಚುಕ್ಕೆ, ವಾರದ ಕೊನೆಗೆ ಕೊಟ್ಟ ಮುಂಗಡದ ಲೆಕ್ಕ. ಮುಂದೆ ಕೆಲಸ ಸಿಗದೆಂಬುದನ್ನು ಬಲ್ಲವನಾಗಿಯೂ ಆ ಪುಸ್ತಕವನ್ನು ತಂದು ಸಾಕ್ಷ್ಯ ನುಡಿದ ಮೇಸ್ತ್ರಿಯ ಋಣ ನಮ್ಮ ಮೇಲಿದೆ.

ಉತ್ತರಕ್ರಿಯೆ ಮುಗಿಯುವುದಕ್ಕೆ ಮುಂಚೆಯೇ ಗುತ್ತಿಗೆದಾರರ ಕಡೆಯವರು ಐವತ್ತು ಸಾವಿರ ರೂಪಾಯಿ ತಂದುಕೊಟ್ಟು, ಇನ್ನಾವ ಹಕ್ಕೂ ಉಳಿದಿಲ್ಲವೆಂದು ಬರೆದ ಛಾಪಾಕಾಗದಕ್ಕೆ ತಂಗಿಯ ಹೆಬ್ಬೆಟ್ಟು ಒತ್ತಿಸಿಕೊಂಡು ಹೋಗಿದ್ದರು. “ಎಲ್ಲಾ ಮುಗೀತೇನಣ್ಣ?” ಎಂದು ಅವಳು ಕೇಳಿದಾಗ ನನ್ನಲ್ಲಿ ಉತ್ತರವಿರಲಿಲ್ಲ, ಉತ್ತರವು ಪ್ರಕರಣಕ್ಕೆ ಅನ್ವಯಿಸಿದ 1923ರ ನೌಕರರ ಪರಿಹಾರ ಕಾಯಿದೆಯಲ್ಲಿ ಇದ್ದಿತು. ಮರಣದ ಪರಿಹಾರವನ್ನು ಆ ಕಾಯಿದೆಯಡಿ ನೇಮಕವಾದ ಆಯುಕ್ತರಲ್ಲಿಯೇ ಠೇವಣಿ ಇಡತಕ್ಕದ್ದೆಂದೂ, ಮೂರು ತಿಂಗಳ ಸಂಬಳದ ಮಿತಿಯ ಮುಂಗಡವನ್ನುಳಿದು, ಕೈಗೆ ಕೊಟ್ಟ ಹಣ ಪರಿಹಾರವೆನಿಸದೆಂದೂ ಅದರ 8ನೆಯ ಕಲಮು ವಿಧಿಸಿತ್ತು. ಹಕ್ಕನ್ನು ಬಿಟ್ಟುಕೊಡುವ ಕರಾರನ್ನು 17ನೆಯ ಕಲಮು ಶೂನ್ಯವೆಂದಿತ್ತು. ತನ್ನ ವ್ಯವಹಾರದ ಕೆಲಸವನ್ನು ಒಳಗುತ್ತಿಗೆಗೆ ಕೊಟ್ಟವನೂ ಹೊಣೆಗಾರನೆಂದು 12ನೆಯ ಕಲಮು ಹೇಳಿತ್ತು. ಸುರಕ್ಷತಾ ಪಟ್ಟಿ ಕಟ್ಟಿರಲಿಲ್ಲವೆಂಬ ಅವರ ವಾದವೂ ನಿಲ್ಲಲಿಲ್ಲ, ಏಕೆಂದರೆ ಮರಣವೇ ಸಂಭವಿಸಿದಾಗ ಅಂತಹ ಪ್ರತಿವಾದಕ್ಕೆ ಕಾಯಿದೆಯಲ್ಲಿ ಅವಕಾಶವಿರಲಿಲ್ಲ.

ಲೆಕ್ಕಕ್ಕೆ ಹಿಡಿಯಬಹುದಾದ ಸಂಬಳದ ಮಿತಿ ಆಗ ತಿಂಗಳಿಗೆ 8,000 ರೂಪಾಯಿ. ಅದರ ಅರ್ಧವನ್ನು ಮೂವತ್ತೈದರ ವಯಸ್ಸಿಗೆ ನಿಗದಿಯಾದ 197.06ರಿಂದ ಗುಣಿಸಿ 7,88,240 ರೂಪಾಯಿಯನ್ನೂ, ಅದರ ಮೇಲೆ ಶೇಕಡ 12ರ ಬಡ್ಡಿಯನ್ನೂ ಕೊಡಬೇಕೆಂದು ಆಯುಕ್ತರ ಆದೇಶವಾಯಿತು. ಗುತ್ತಿಗೆದಾರರು ಉಚ್ಚ ನ್ಯಾಯಾಲಯಕ್ಕೆ ಹೋದರು. ಆದರೆ ಆದೇಶವಾದ ಮೊತ್ತವನ್ನು ಮೊದಲು ಆಯುಕ್ತರಲ್ಲಿ ಕಟ್ಟಿದ ಪ್ರಮಾಣಪತ್ರವಿಲ್ಲದೆ ಮಾಲೀಕನ ಮೇಲ್ಮನವಿ ಸ್ವೀಕಾರವಾಗದೆಂಬ 30ನೆಯ ಕಲಮಿನ ನಿಬಂಧನೆಯಿಂದಾಗಿ ಹಣ ಕಟ್ಟಿಯೇ ಹೋಗಬೇಕಾಯಿತು. ವಿಳಂಬದಿಂದಲೇ ವಿಧವೆಯನ್ನು ಸೋಲಿಸಬಹುದೆಂಬ ಎಣಿಕೆಗೆ ಇದಕ್ಕಿಂತ ಬಲವಾದ ತಡೆಯನ್ನು ನಾನು ಕಾಣೆನು. ಆತ ಯಾರ ಆಳೆಂಬುದು ಸಾಕ್ಷ್ಯದಿಂದ ನಿರ್ಣಯವಾದ ಸಂಗತಿಯೆಂದೂ, ಅದರಲ್ಲಿ ಮಹತ್ತ್ವದ ಕಾನೂನಿನ ಪ್ರಶ್ನೆ ಇಲ್ಲವೆಂದೂ ಮೇಲ್ಮನವಿ ವಜಾ ಆಯಿತು.

ತಂಗಿಯ ಮಕ್ಕಳ ಪಾಲು ಅವರು ಪ್ರಾಪ್ತವಯಸ್ಕರಾಗುವವರೆಗೆ ಬ್ಯಾಂಕಿನಲ್ಲಿದೆ. ಈಗ ನಮ್ಮ ಊರಿನ ಹುಡುಗರು ಬೆಂಗಳೂರಿನ ಬಸ್ಸು ಹತ್ತುವಾಗ, ವಾರಕ್ಕೊಮ್ಮೆ ಹಾಜರಿ ಪುಸ್ತಕದ ಪುಟವನ್ನು ಮೊಬೈಲಿನಲ್ಲಿ ತೆಗೆದು ಮನೆಗೆ ಕಳುಹಿಸಿರೆಂದು ಬಿಡದೆ ಹೇಳುತ್ತೇನೆ. ಕೆಲವು ಮೇಸ್ತ್ರಿಗಳು ಇದಕ್ಕೆ ಸಿಡುಕುತ್ತಾರಂತೆ. ಅಂಥವರ ಹೆಸರನ್ನೂ ಅವರ ಗುತ್ತಿಗೆದಾರರ ಹೆಸರನ್ನೂ ನಾನೇ ಬರೆದಿಟ್ಟುಕೊಳ್ಳುತ್ತಿದ್ದೇನೆ.