ಮಂಜೂರಾದ ದುಡ್ಡು ಎಲ್ಲಿ ಕೂತಿದೆ?



ಅರಸೀಕೆರೆ ಕಡೆಯ ಒಂದು ಸಂಘದ ವಾರದ ಸಭೆ. ಉಳಿತಾಯ ಬರೆದು ಮುಗಿಸಿ, ಚಾಪೆ ಸುತ್ತುವ ಹೊತ್ತಿಗೆ ವಯಸ್ಸಾದ ಒಬ್ಬ ತಾಯಿ ಕೇಳಿದರು: "ದುಡ್ಡು ಸ್ಯಾಂಕ್ಷನ್ ಆಗಿದೆ ಅಂತಾರೆ, ಪೇಪರಲ್ಲೂ ಬಂತು. ನೀರು ಮಾತ್ರ ಬರ್ಲಿಲ್ಲ. ಆ ದುಡ್ಡು ಎಲ್ಲಿ ಕೂತಿದೆ?" ನಮಗೆ ಆಗ ಸರಿಯಾದ ಉತ್ತರ ಕೊಡಲಾಗಲಿಲ್ಲ. ಅದಕ್ಕೇ ಈ ಸಲದ ಪಾಠ.

ನಮ್ಮ ಸಂಘದಲ್ಲಿ ಒಬ್ಬ ಸದಸ್ಯೆ ಹಸು ಕೊಳ್ಳಲು ಸಾಲ ಕೇಳುತ್ತಾಳೆ. ಚರ್ಚೆ ಮಾಡಿ ಠರಾವು ಬರೆಯುತ್ತೇವೆ. ಠರಾವು ಬರೆದ ದಿನವೇ ಹಸು ಕೊಟ್ಟಿಗೆಗೆ ಬರುತ್ತದೆಯೇ? ಬ್ಯಾಂಕಿಗೆ ಹೋಗಬೇಕು, ಸಂತೆಗೆ ಹೋಗಬೇಕು, ಹಸು ನೋಡಬೇಕು. ಸರ್ಕಾರದ ಕೆಲಸವೂ ಹೀಗೆಯೇ. ಮೊದಲು ಸರ್ವೆ. ಆಮೇಲೆ ಇಂಜಿನಿಯರ್ ತಯಾರಿಸುವ ಅಂದಾಜು ಪಟ್ಟಿ, ಅಂದರೆ ಎಸ್ಟಿಮೇಟ್. ಅದಕ್ಕೆ ಆಡಳಿತಾತ್ಮಕ ಮಂಜೂರಾತಿ ಸಿಗಬೇಕು, ತಾಂತ್ರಿಕ ಮಂಜೂರಾತಿಯೂ ಸಿಗಬೇಕು. ಬಜೆಟ್ಟಿನಲ್ಲಿ ಹಣ ಇಡಬೇಕು. ಜಮೀನು ಬಿಡಿಸಿಕೊಳ್ಳಬೇಕು, ಕಾಡು ಇದ್ದರೆ ಅರಣ್ಯದ ಒಪ್ಪಿಗೆ ಬೇಕು. ಟೆಂಡರ್ ಕರೆಯಬೇಕು, ಇದಕ್ಕೆ ನಮ್ಮ ರಾಜ್ಯದಲ್ಲಿ 1999ರ ಪಾರದರ್ಶಕತೆ ಕಾಯ್ದೆ ಇದೆ. ಇಷ್ಟೆಲ್ಲ ಆದ ಮೇಲೆ ಗುದ್ದಲಿ. ಪೇಪರಿನಲ್ಲಿ "ಮಂಜೂರು" ಎಂದು ಬಂದರೆ ಇದರಲ್ಲಿ ಯಾವುದೋ ಒಂದು ಮೆಟ್ಟಿಲು ಹತ್ತಿದೆ ಎಂದಷ್ಟೇ ಅರ್ಥ. ಯಾವ ಮೆಟ್ಟಿಲು ಎಂದು ಕೇಳುವವರು ಕಡಿಮೆ.

ಮೆಟ್ಟಿಲು ತಪ್ಪಿದರೆ ಏನಾಗುತ್ತದೆ ಎಂಬುದಕ್ಕೆ ಉದಾಹರಣೆ ಹುಡುಕಿಕೊಂಡು ದೂರ ಹೋಗಬೇಕಾಗಿಲ್ಲ. ಎತ್ತಿನಹೊಳೆ ನೀರಿನ ಕಾಲುವೆ ನಮ್ಮ ಬೇಲೂರು, ಅರಸೀಕೆರೆ ತಾಲ್ಲೂಕುಗಳ ಮೂಲಕವೇ ಹಾದು ಹೋಗಬೇಕು. ಸಕಲೇಶಪುರದ ಹಳ್ಳಗಳಿಂದ ಮಳೆಗಾಲದಲ್ಲಿ ಸುಮಾರು 24 ಟಿಎಂಸಿ ನೀರೆತ್ತಿ ಕೋಲಾರ, ಚಿಕ್ಕಬಳ್ಳಾಪುರ, ತುಮಕೂರಿನಂಥ ಬರಡು ಜಿಲ್ಲೆಗಳಿಗೂ ನಮ್ಮ ಹಾಸನ ಜಿಲ್ಲೆಗೂ ಕೊಡುವ ಯೋಜನೆ ಇದು. 2012ರಲ್ಲಿ ಒಪ್ಪಿಗೆ ಸಿಕ್ಕಾಗ ಅಂದಾಜು 8,323 ಕೋಟಿ ರೂಪಾಯಿ. 2014ರಲ್ಲಿ ಶಂಕುಸ್ಥಾಪನೆ ಆಯಿತು, ಆ ವರ್ಷವೇ ಅಂದಾಜು 12,912 ಕೋಟಿಗೆ ಏರಿತು. 2023ರಲ್ಲಿ 23,251 ಕೋಟಿ. ಹೆಚ್ಚು ಕಡಿಮೆ ಮೂರು ಪಟ್ಟು! ಇದು ಯಾರ ಕೈಯ ದುಡ್ಡು? ನಾವು ಸೋಪು, ಎಣ್ಣೆ ಕೊಂಡಾಗ ಕಟ್ಟುವ ತೆರಿಗೆಯೂ ಅದರಲ್ಲಿ ಇದೆ.

ಯಾಕೆ ಏರಿತು? ಕೆಲಸ ತಡವಾದಷ್ಟೂ ಸಿಮೆಂಟು, ಕಬ್ಬಿಣ, ಕೂಲಿ ಎಲ್ಲವೂ ಏರುತ್ತವೆ. ಜಮೀನಿನ ಪರಿಹಾರವೂ ಏರುತ್ತದೆ. ನೇತ್ರಾವತಿ ಬತ್ತುತ್ತದೆ ಎಂದು ದಕ್ಷಿಣ ಕನ್ನಡದ ಜನ ವಿರೋಧಿಸಿದರು, ಮೊಕದ್ದಮೆಗಳು ನಡೆದವು. ಕೊನೆಗೆ 2024ರ ಸೆಪ್ಟೆಂಬರ್ 6ರಂದು ಸಕಲೇಶಪುರದ ಹತ್ತಿರ ಪಂಪುಗಳು ಚಾಲೂ ಆದವು. ನೀರು ಎತ್ತಿದ್ದಾಯ್ತು, ಮುಂದಕ್ಕೆ ಸಾಗಿಸುವ ಕಾಲುವೆ? ಅದು ನಮ್ಮ ಕಡೆಯ ಅರಣ್ಯ ಜಮೀನಿನ ಒಪ್ಪಿಗೆಗಾಗಿ ಕಾಯುತ್ತಾ ನಿಂತಿತ್ತು. ಹಾಗಾಗಿ ನೀರನ್ನು ತಾತ್ಕಾಲಿಕವಾಗಿ ಹಳೇಬೀಡು, ಬೆಳವಾಡಿ ಕಡೆಯ ಕೆರೆಗಳ ಮೂಲಕ ವೇದಾವತಿಗೆ, ಅಲ್ಲಿಂದ ವಾಣಿವಿಲಾಸ ಸಾಗರಕ್ಕೆ ಹರಿಸಲು ವ್ಯವಸ್ಥೆ ಮಾಡಬೇಕಾಯಿತು. ಚಿತ್ರದುರ್ಗದವರಿಗೆ ಅನುಕೂಲವಾದರೆ ನಮಗೆ ಸಂತೋಷವೇ. ಆದರೆ ಕೋಲಾರದ ತಾಯಂದಿರು ಇನ್ನೂ ದಾರಿ ನೋಡುವಂತಾಯಿತು. ಹಸು ತಂದು ಬಾಗಿಲಲ್ಲಿ ಕಟ್ಟಿ ಆಮೇಲೆ ಕೊಟ್ಟಿಗೆಗೆ ಜಾಗ ಹುಡುಕಿದ ಹಾಗೆ.

ರೈಲಿನದೂ ಇದೇ ಕಥೆ. ಕಡೂರು–ಚಿಕ್ಕಮಗಳೂರು–ಸಕಲೇಶಪುರ ಮಾರ್ಗಕ್ಕೆ ಒಪ್ಪಿಗೆ ಸಿಕ್ಕಿದ್ದು 1990ರ ದಶಕದಲ್ಲಿ. ಚಿಕ್ಕಮಗಳೂರಿಗೆ ರೈಲು ಬಂದದ್ದು 2013ರಲ್ಲಿ.

ಹಾಗಾದರೆ ಹಿಂದಿನವರು ಮಾಡಲಿಲ್ಲವೇ? ಹಳೇಬೀಡಿನ ದ್ವಾರಸಮುದ್ರ ಕೆರೆ ಹೊಯ್ಸಳರ ಕಾಲದ್ದು. ಅರಸೀಕೆರೆಯ ಹೆಸರಿನಲ್ಲೇ ಅರಸಿಯೂ ಇದ್ದಾಳೆ, ಕೆರೆಯೂ ಇದೆ. ಆಗಿನ ಶಾಸನಗಳನ್ನು ಓದಿದವರು ಹೇಳುವ ಒಂದು ಮಾತು ನಮಗೆ ಬಹಳ ಹಿಡಿಸಿತು. ಕೆರೆ ಕಟ್ಟಿಸಿ ಬಿಡುತ್ತಿರಲಿಲ್ಲ. ಹೂಳೆತ್ತಲು, ಏರಿ ನೋಡಿಕೊಳ್ಳಲು ಗದ್ದೆಯನ್ನೂ ಬಿಟ್ಟುಕೊಡುತ್ತಿದ್ದರು. ಅದಕ್ಕೆ ಕೆರೆಗೊಡಗೆ ಎನ್ನುತ್ತಿದ್ದರು. ಅಂದರೆ ಕಟ್ಟುವ ದಿನವೇ ರಿಪೇರಿಯ ದುಡ್ಡಿಗೂ ದಾರಿ ಇತ್ತು.

ಈಗ ನಮ್ಮ ಮನೆ ನಲ್ಲಿಗೆ ಬರೋಣ. ಜಲಜೀವನ್ ಮಿಷನ್ 2019ರಲ್ಲಿ ಶುರುವಾಯಿತು. ಮನೆಮನೆಗೆ ನಲ್ಲಿ, ಒಬ್ಬರಿಗೆ ದಿನಕ್ಕೆ 55 ಲೀಟರ್ ನೀರು. 2024ಕ್ಕೆ ಮುಗಿಯಬೇಕಾಗಿತ್ತು, 2025ರ ಕೇಂದ್ರ ಬಜೆಟ್ಟಿನಲ್ಲಿ ಅವಧಿಯನ್ನು 2028ರವರೆಗೆ ವಿಸ್ತರಿಸುವುದಾಗಿ ಹೇಳಿದರು. ಕರ್ನಾಟಕದಲ್ಲಿ ಖರ್ಚು ಕೇಂದ್ರ ಅರ್ಧ, ರಾಜ್ಯ ಅರ್ಧ. ಊರೊಳಗಿನ ಕಾಮಗಾರಿಯ ವೆಚ್ಚದಲ್ಲಿ ಶೇಕಡಾ 10 ಊರಿನವರ ವಂತಿಕೆ ಎಂದು ಮಿಷನ್ ಶುರುವಾದಾಗಿನ ಮಾರ್ಗಸೂಚಿಯಲ್ಲಿ ಇತ್ತು. ಗುಡ್ಡಗಾಡು ಪ್ರದೇಶದಲ್ಲೂ ಪರಿಶಿಷ್ಟರು ಹೆಚ್ಚಿರುವ ಊರುಗಳಲ್ಲೂ ಶೇಕಡಾ 5. ಕೂಲಿಯ ರೂಪದಲ್ಲೂ ಕೊಡಬಹುದಾಗಿತ್ತು. ಅದೇ ಮಾರ್ಗಸೂಚಿಯ ಇನ್ನೊಂದು ಮಾತು: ಗ್ರಾಮ ನೀರು ಮತ್ತು ನೈರ್ಮಲ್ಯ ಸಮಿತಿಯಲ್ಲಿ ಅರ್ಧದಷ್ಟು ಮಹಿಳೆಯರು ಇರಬೇಕು. ನಿಮ್ಮ ಊರಿನ ಸಮಿತಿಯಲ್ಲಿ ಯಾರ್ಯಾರಿದ್ದಾರೆ ಗೊತ್ತಾ? ನಾವು ಹೋದ ಒಂದು ಊರಲ್ಲಿ ಪಟ್ಟಿಯಲ್ಲಿ ಹೆಸರಿದ್ದ ಹೆಂಗಸಿಗೇ ಅದು ಗೊತ್ತಿರಲಿಲ್ಲ. ಸಹಿ ಮಾತ್ರ ಇತ್ತು.

ನಲ್ಲಿ ಹಾಕಿದ ಮೇಲೆ ಮೋಟಾರ್ ಸುಟ್ಟರೆ, ಪೈಪ್ ಒಡೆದರೆ ದುಡ್ಡು ಎಲ್ಲಿಂದ? ಮೊದಲು ನೋಡಬೇಕಾದದ್ದು ಕಂಟ್ರಾಕ್ಟರನ ಕರಾರು. ಕೆಲಸ ಮುಗಿದ ಮೇಲೂ ಇಷ್ಟು ದಿನ ದೋಷ ಬಂದರೆ ಆತನೇ ಸರಿ ಮಾಡಿಕೊಡಬೇಕು ಎಂದು ಅದರಲ್ಲಿ ಬರೆದಿರುತ್ತದೆ, ಭದ್ರತಾ ಠೇವಣಿಯೂ ಇರುತ್ತದೆ. ಆ ಅವಧಿಯೊಳಗೆ ರಸ್ತೆ ಅಗೆದು ಹಾಗೇ ಬಿಟ್ಟಿದ್ದರೆ, ಜಾಯಿಂಟ್ ಸೋರುತ್ತಿದ್ದರೆ ಬರವಣಿಗೆಯಲ್ಲಿ ದೂರು ಕೊಡಿ. ಅವಧಿ ಮುಗಿದ ಮೇಲೆ ಪಂಚಾಯಿತಿಯ ಹಣವೇ ಖರ್ಚು, ಅದರಲ್ಲಿ ನಮ್ಮ ನೀರಿನ ಕಂದಾಯವೂ ಇದೆ.

ಎಸ್ಟಿಮೇಟಿನ ಪ್ರತಿ ಕೇಳಲು ಹೆದರಬೇಡಿ. 2005ರ ಮಾಹಿತಿ ಹಕ್ಕು ಕಾಯ್ದೆಯ ಅರ್ಜಿಗೆ ಶುಲ್ಕ 10 ರೂಪಾಯಿ, 30 ದಿನದಲ್ಲಿ ಉತ್ತರ ಕೊಡಬೇಕು. ಬಡತನ ರೇಖೆಗಿಂತ ಕೆಳಗಿನವರಿಗೆ ಶುಲ್ಕವೂ ಇಲ್ಲ. ವರ್ಷಕ್ಕೊಮ್ಮೆ ಪಂಚಾಯಿತಿಯಲ್ಲಿ ನಡೆಯುವ ಜಮಾಬಂದಿಗೆ ಐದಾರು ಜನ ಒಟ್ಟಿಗೆ ಹೋಗಿ. ಖರ್ಚಿನ ಲೆಕ್ಕವನ್ನೂ ಕಾಮಗಾರಿಯನ್ನೂ ಅಲ್ಲಿ ಜನರ ಮುಂದೆ ತಾಳೆ ನೋಡಬೇಕು. ಸಂಘದ ಲೆಕ್ಕದ ಪುಸ್ತಕ ಓದಲು ಬರುವ ನಮಗೆ ಆ ಲೆಕ್ಕ ಕಷ್ಟವೇನಲ್ಲ.

ಆ ತಾಯಿಯ ಸಂಘದವರು ಮುಂದಿನ ಗ್ರಾಮಸಭೆಗೆ ಒಂದೇ ಪ್ರಶ್ನೆ ಬರೆದಿಟ್ಟುಕೊಂಡಿದ್ದಾರೆ: "ನಮ್ಮ ಊರಿನ ನೀರಿನ ಕೆಲಸ ಈಗ ಯಾವ ಮೆಟ್ಟಿಲಲ್ಲಿದೆ, ಯಾರ ಟೇಬಲ್ ಮೇಲಿದೆ?"